ತಡೆಯಾಜ್ಞೆಯ ಎರಡನೇ ಹಾಳೆ

ಹೊಲಿಗೆ ಯಂತ್ರದ ಪಕ್ಕ ಕೂತು ಅಂಗಿ ಕಾಲರಿನ ಅಳತೆಗೆ ದಪ್ಪ ಹಾಳೆಯೊಂದನ್ನು ಮಡಿಚುತ್ತಿದ್ದೆ. ಹೊರಗೆ ನಡುಮನೆಯಲ್ಲಿ ನಮ್ಮವರ ವಿಜಯೋತ್ಸವ ನಡೆದಿತ್ತು. ನಮ್ಮ ಮದುವೆಯ ಫೋಟೊ ಇದ್ದ ಮೊಳೆಗೆ ಈಗ ಕೋರ್ಟಿನ ಆದೇಶ ತೂಗುತ್ತಿದೆ, ಲ್ಯಾಮಿನೇಟ್ ಮಾಡಿಸಿದ್ದು. ಫೋಟೊಗೆ ಆ ಭಾಗ್ಯ ಬಂದಿರಲಿಲ್ಲ.

ಇವರ ಟೈಲ್ಸ್ ಅಂಗಡಿಗೆಂದು ಮನೆ ಅಡವಿಟ್ಟು ತಂದ ಸಾಲದ ಕಂತು ನಿಂತು ಒಂದೂವರೆ ವರ್ಷವಾಗಿದೆ. ಬ್ಯಾಂಕು ಮನೆಯನ್ನು ಹರಾಜಿಗೆ ಹಾಕಿತು. ಇವರು ಕೋರ್ಟಿಗೆ ಹೋದರು, ಹರಾಜಿಗೆ ತಡೆ ಸಿಕ್ಕಿತು. ಅಂದಿನಿಂದ ಬಂದವರಿಗೆಲ್ಲ ಗೋಡೆ ತೋರಿಸುವುದೇ ಇವರ ಉದ್ಯೋಗ. ಅಂಗಡಿಯಲ್ಲಿ ಇಷ್ಟು ಶ್ರದ್ಧೆ ಎಂದೂ ಕಂಡಿರಲಿಲ್ಲ.

“ಬ್ಯಾಂಕಿನೋರ ಬಾಯಿಗೆ ಬೀಗ ಜಡಿದ್ಬಿಟ್ಟೆ ಕಣೋ!”

“ನೀವು ಲಾಯರ್ ಆಗ್ಬೇಕಿತ್ತು ಬಿಡಿ ಭಾವ,” ಎಂದ ನನ್ನ ತಮ್ಮ. ಸಾಲಕ್ಕೆ ಅವನೂ ಜಾಮೀನು ಹಾಕಿದ್ದಾನೆ, ಹೊಗಳದೆ ಗತಿಯಿಲ್ಲ.

“ಏ ಇವಳೇ, ಟೀ ಏನಾಯ್ತು?”

“ಅದಕ್ಕೂ ತಡೆಯಾಜ್ಞೆ ತಂದಿದೀರೇನೋ ಅಂದ್ಕೊಂಡೆ.”

ತಮ್ಮ ನಕ್ಕ. ಇವರು ನಗಲಿಲ್ಲ.

ಟೀ ಕೊಟ್ಟು ಬಂದು ಚಾಕ್ ಹಿಡಿದೆ. ಶಾಲೆಯ ನಲವತ್ತು ಅಂಗಿ ಸೋಮವಾರಕ್ಕೆ ಬೇಕು. ನಮೂನೆ ಕತ್ತರಿಸಲು ಆದೇಶದ ಈ ಎರಡನೇ ಹಾಳೆ ಕೊಟ್ಟವರೂ ಇವರೇ. “ಎಲ್ಲಾ ಮೊದಲನೇ ಪುಟದಲ್ಲೇ ಇದೆ. ಲ್ಯಾಮಿನೇಷನ್ನೋನು ಪುಟಕ್ಕಿಷ್ಟು ಅಂತಾನೆ. ಇದನ್ನ ನಿನ್ನ ಕಾಲರಿಗೆ ಇಟ್ಕೋ,” ಎಂದಿದ್ದರು. ಇಂಥ ಕಡೆ ಇವರ ಕೈ ಬಹಳ ಬಿಗಿ.

ಗೆರೆ ಎಳೆಯುವಾಗ ಅಕ್ಷರಗಳು ಕಣ್ಣಿಗೆ ಬಿದ್ದವು. ಬಾಕಿಯ ಕಾಲು ಭಾಗವನ್ನು ಆರು ವಾರದೊಳಗೆ ಬ್ಯಾಂಕಿಗೆ ಕಟ್ಟತಕ್ಕದ್ದು. ತಪ್ಪಿದಲ್ಲಿ ಈ ತಡೆ ತಾನಾಗಿಯೇ ರದ್ದಾಗುವುದು. ಎರಡು ಸಲ ಓದಿದೆ. ಲಾಯರು ಹೇಳದೆ ಇದ್ದಿರಲಾರರು. ತಡೆ ಸಿಕ್ಕಿತು ಎಂದು ಕಿವಿಗೆ ಬಿದ್ದ ಮೇಲೆ ಇವರಿಗೆ ಮಿಕ್ಕಿದ್ದು ಕೇಳಿಸಿರಲಾರದು. ಬೆರಳು ಮಡಿಚಿ ಎಣಿಸಿದೆ. ಗೋಡೆ ತೋರಿಸುವುದರಲ್ಲೇ ಐದು ವಾರ ಕಳೆದಿತ್ತು.

ಹಾಳೆ ಹಿಡಿದು ಹೊರಗೆ ಹೋದೆ. “ರೀ, ಇದನ್ನ ಒಂಚೂರು ಓದಿ.”

“ಕೋರ್ಟಿನ ವಿಷಯ ನಿಂಗೇನು ತಿಳಿಯುತ್ತೆ? ಗೆದ್ದಾಗಿದೆ, ಸುಮ್ನಿರು.” ಹಾಳೆಯತ್ತ ನೋಡದೆಯೇ ತಮ್ಮನ ಕಡೆ ತಿರುಗಿದರು. “ಬಾರೋ, ಕಾರಲ್ಲಿ ಬಿಟ್ಟು ಬರ್ತೀನಿ.”

ಹೆಂಗಸರಿಗೆ ಬಡ್ಡಿ ಅರ್ಧ ಪರ್ಸೆಂಟ್ ಕಡಿಮೆಯೆಂದು ನನ್ನ ಹೆಸರಿನಲ್ಲಿ ತೆಗೆದ ಕಾರು ಅದು. ನಮ್ಮ ಮನೆಯಲ್ಲಿ ಪೂರ್ತಿ ತೀರಿದ ಸಾಲ ಅದೊಂದೇ, ಕಂತು ನಾನು ಕಟ್ಟಿದ್ದರಿಂದ. ಹಳೇ ಕಾರು ಕೊಳ್ಳುವವನ ಹೆಂಡತಿ ನನ್ನ ಗಿರಾಕಿ. ನಮ್ಮ ಕಾರಿಗೆ ಅವಳು ಮೊನ್ನೆ ಮಾತಿಗೆ ಹೇಳಿದ ಬೆಲೆ ಬಾಕಿಯ ಕಾಲು ಭಾಗಕ್ಕೆ ಹೆಚ್ಚೂ ಇಲ್ಲ, ಕಡಿಮೆಯೂ ಇಲ್ಲ.

ಬೀರುವಿನಿಂದ ಕಾರಿನ ಆರ್‌ಸಿ ತೆಗೆದು ಕೈಚೀಲದೊಳಗಿಟ್ಟೆ. ಅವಳ ಗಂಡನ ಅಂಗಡಿ ಬೆಳಿಗ್ಗೆ ಹತ್ತಕ್ಕೆ ತೆರೆಯುತ್ತದೆ. ಇವರು ಏಳುವುದು ಹತ್ತೂವರೆಗೆ, ಗೆದ್ದ ಮೇಲಂತೂ ಹನ್ನೊಂದು.

ಸ್ವಲ್ಪ ಹೊತ್ತಿಗೆ ಬಂದರು. “ಏನು, ಮಾತೇ ಇಲ್ಲ?”

“ಏನಿಲ್ಲ, ಅಂಗಿ ಕೆಲಸ ಬಾಕಿ ಇದೆ,” ಎಂದೆ.