ಅಕ್ಕನ ಆರನೆಯ ಕಾದಂಬರಿ

"ಆ ಪುಸ್ತಕ ಇತ್ಲಾಗೆ ಕೊಡು," ಎನ್ನುತ್ತ ವಾಗ್ದೇವಿ ಎದ್ದು ನಿಂತಳು.

ಸಾಗರದ ಓದುಗರ ಬಳಗದ ದೀಪಕ್ ಕನ್ನಡಕ ಏರಿಸಿ ಓದಲು ಹೊರಟವನು ಹಾಗೇ ನಿಂತ. ಅಂಗಳದಲ್ಲಿ ನೆರೆದವರೆಲ್ಲ ತಿರುಗಿ ನೋಡಿದರು. ಚಾಪೆಯ ಮೇಲೆ ಅಕ್ಕ ಶ್ರೀಗೌರಿಯ ಹೆಣವಿತ್ತು. ಹತ್ತೊಂಬತ್ತು ವರ್ಷ ಅಕ್ಕನ ಮುಖ ನೋಡದಿದ್ದ ವಾಗ್ದೇವಿ ಬೆಳಗಿನ ಬಸ್ಸಿಗೆ ತೀರ್ಥಹಳ್ಳಿಯಿಂದ ಬಂದಿದ್ದಳು.

"ಎರಡೇ ಪುಟ ಅಮ್ಮಾ," ಎಂದ ದೀಪಕ್. "ಹದಿನೇಳು ಕಾದಂಬರಿ ಬರೆದ್ರು, ಎಲ್ಲಾ ಪ್ರೀತಿ ಮೇಲೇ. ಈ ಆರನೇದು ಎಲ್ಲಕ್ಕಿಂತ ಚೆನ್ನಾಗಿದೆ. ಮತ್ತೆ ಅಚ್ಚು ಹಾಕ್ಸಿ ಅಂದ್ರೆ ಒಪ್ಲೇ ಇಲ್ಲ. ನಾವು ಜೆರಾಕ್ಸ್ ಮಾಡಿಸ್ಕೊಂಡು ಓದಿದೀವಿ."

ಶ್ರೀಗೌರಿಯ ಮಗಳು ನವ್ಯಾ ಓಡಿಬಂದು ವಾಗ್ದೇವಿಯ ಕೈ ಹಿಡಿದಳು. "ಚಿಕ್ಕಿ, ಇವತ್ತು ಎಂತ ಜಗಳನೂ ಬ್ಯಾಡ."

*

ನಲವತ್ತೊಂದು ವರ್ಷದ ಹಿಂದೆ ವಾಗ್ದೇವಿಗೆ ಇಪ್ಪತ್ತು. ಮಾಸ್ತಿಕಟ್ಟೆಯ ಅಣೆಕಟ್ಟಿನ ಕೆಲಸಕ್ಕೆ ಬಂದಿದ್ದ ಸರ್ವೇಯರ್ ಬಾಲು, ವರ್ಗವಾಗಿ ಹೋಗುವ ಮುನ್ನ, "ನನ್ನ ಜೊತೆ ಬರ್ತೀಯಾ?" ಎಂದು ಕೇಳಿದ್ದ. ಬರುತ್ತೇನೆಂದು ನಾಲ್ಕು ಪುಟ ಬರೆದು ಅಕ್ಕನ ಕೈಯಲ್ಲಿ ಕಳಿಸಿದಳು.

"ಕೊಟ್ಯನೇ?" ಎಂದು ಅಕ್ಕ ತಿರುಗಿ ಬಂದಾಗ ಕೇಳಿದಳು.

"ಕೊಟ್ಟಿ. ಅಂವ ಎಂತೂ ಹೇಳಿದ್ನಿಲ್ಲೆ," ಎಂದಳು ಅಕ್ಕ.

ಬಾಲು ಹೊರಟುಹೋದ. ವಾಗ್ದೇವಿ ತೀರ್ಥಹಳ್ಳಿಯ ಕೃಷ್ಣಪ್ರಸಾದನನ್ನು ಮದುವೆಯಾದಳು. ಇಪ್ಪತ್ತೆರಡು ವರ್ಷದ ಮೇಲೆ ಅಕ್ಕನ ಆರನೆಯ ಕಾದಂಬರಿಯಲ್ಲಿ ಅದೇ ಕಾಗದ, ಅಕ್ಷರಕ್ಕೆ ಅಕ್ಷರ. ಕೊಡಲು ಹೋಗುವ ದಾರಿಯಲ್ಲಿ ಅಕ್ಕ ಓದಿ ನೆನಪಿಟ್ಟುಕೊಂಡಿದ್ದಾಳೆ, ಹಾದರಗಿತ್ತಿಯಂತೆ ನನ್ನನ್ನು ಪೇಟೆಯಲ್ಲಿ ನಿಲ್ಲಿಸಿದ್ದಾಳೆ ಎಂದು ಮೈಯೆಲ್ಲ ಉರಿಯಿತು. ಆ ಪುಟದಿಂದ ಮುಂದಕ್ಕೆ ಓದಲೇ ಇಲ್ಲ, ಅಕ್ಕನ ಮನೆಗೆ ಮತ್ತೆ ಕಾಲಿಡಲೂ ಇಲ್ಲ. ಗಂಡ ಮಾತ್ರ ಪೂರ್ತಿ ಓದಿದ. ಸಾಯುವವರೆಗೂ ಅದರ ಬಗ್ಗೆ ಒಂದು ಮಾತು ಕೇಳಲಿಲ್ಲ. ಅವನು ಕೇಳದೇ ಇದ್ದದ್ದೇ ಅವಳನ್ನು ತಿಂದುಹಾಕಿತು.

*

"ಜಗಳ ಎಂತೂ ಇಲ್ಲೆ. ನಾನೇ ಓದ್ತೆ," ಎಂದು ವಾಗ್ದೇವಿ ಪುಸ್ತಕ ಕಸಿದುಕೊಂಡಳು. ಓದಿ ಮುಗಿಸಿ, ಇದು ನನ್ನದು, ಇವಳು ಕದ್ದದ್ದು ಎಂದು ಎಲ್ಲರೆದುರು ಹೇಳಿಬಿಡಬೇಕೆಂದಿದ್ದಳು.

ಕಾಗದ ಮುಗಿಯಿತು. ಆದರೆ ಕಣ್ಣು ಕೆಳಗಿನ ಸಾಲಿಗೆ ಇಳಿದುಬಿಟ್ಟಿತ್ತು.

"ಅಕ್ಕ ಅದನ್ನು ಅವನಿಗೆ ಕೊಡಲಿಲ್ಲ."

ಆ ಸಾಲನ್ನೂ ಓದಿ ನಿಂತಳು. "ನಿಲ್ಲಿಸ್ಬೇಡಿ ಅಮ್ಮಾ," ಎಂದ ದೀಪಕ್ ಮೆಲ್ಲಗೆ. "ಅದರ ಜೀವ ಇರೋದೇ ಅಲ್ಲಿ."

ಅವಳು ಓದಿದಳು. "ಅಪ್ಪನ ಹೆದರಿಕೆಯಿಂದ ಎಂದು ತನಗೆ ತಾನೇ ಹೇಳಿಕೊಂಡಳು. ಅದು ಸುಳ್ಳು. ಅಷ್ಟೊಂದು ಆಸೆ ಅವಳಿಗೆ ಯಾರ ಮೇಲೂ ಹುಟ್ಟಿರಲಿಲ್ಲ. ತಂಗಿಗೆ ಹುಟ್ಟಿದ್ದನ್ನು ಸಹಿಸಲಾಗಲಿಲ್ಲ. ತಂಗಿ ಇದನ್ನು ಓದಿ ಒಂದು ದಿನ ಬಂದು ಕೆನ್ನೆಗೆ ಹೊಡೆಯಲಿ ಎಂದು ಬಾಗಿಲು ತೆಗೆದಿಟ್ಟು ಕಾದಳು."

ಪುಸ್ತಕ ಮುಚ್ಚಿ ಚಾಪೆಯ ಪಕ್ಕ ಕೂತಳು. "ಕೊಟ್ಟಿದ್ದೇ ಇಲ್ಲೆ ನೀನು," ಎಂದಳು, ಹೆಣಕ್ಕೆ ಮಾತ್ರ ಕೇಳುವಷ್ಟು ಸಣ್ಣ ದನಿಯಲ್ಲಿ.

"ಹೊತ್ತಾತು," ಎಂದರು ಭಟ್ಟರು. "ಒಡಹುಟ್ಟಿದವರು ನೀರು ಬಿಡಿ."

ವಾಗ್ದೇವಿಯ ಕೈಯಲ್ಲಿದ್ದ ತುಳಸಿ ನೀರಿನ ಉದ್ಧರಣೆ ಅಕ್ಕನ ತುಟಿಯ ಮೇಲೆ ಬಂದು ನಿಂತಿತು. ನವ್ಯಾ ಮೊಣಕೈ ಹಿಡಿಯಲು ಬಂದರೆ ವಾಗ್ದೇವಿ ಕೊಡವಿದಳು. ನೀರು ತುಳುಕಿ ಅಕ್ಕನ ಗಲ್ಲದ ಮೇಲೆ ಹರಿಯಿತು. ಅದನ್ನು ಸೆರಗಿನಿಂದ ಒರೆಸಿ, ಉದ್ಧರಣೆಯನ್ನು ಮತ್ತೊಮ್ಮೆ ತುಂಬಿಕೊಂಡಳು.