ನಾಳೆ ಬೆಳಿಗ್ಗೆಯ ಮಾತು

ಟೈಯ ಗಂಟು ಮತ್ತೆ ಓರೆಯಾಯಿತು. ಜೋಯ್ಸ್ ಅದನ್ನು ಬಿಚ್ಚಿ, ಪೆಟ್ಟಿಗೆಯ ಮೇಲೆ ಇನ್ನಷ್ಟು ಬಾಗಿ, ತಂದೆಯ ಕಾಲರಿನ ಕೆಳಗೆ ಬೆರಳು ತೂರಿಸಿ ಮೊದಲಿನಿಂದ ಕಟ್ಟತೊಡಗಿದಳು. ಕುವೈತಿನ ಆ ಶವಾಗಾರದ ಹೊರಗೆ ಇಗರ್ಜಿಯವರು, ರಿಗ್ಗೈ ಬಡಾವಣೆಯ ನೆರೆಹೊರೆಯವರು ಗೋಡೆಯ ನೆರಳಿಗೆ ಒತ್ತಿಕೊಂಡು ನಿಂತಿದ್ದರು. ಅಂತಿಮ ದರ್ಶನ ಮುಗಿದರೆ ಪೆಟ್ಟಿಗೆ ವಿಮಾನ ನಿಲ್ದಾಣಕ್ಕೆ, ಅಲ್ಲಿಂದ ಮಂಗಳೂರಿಗೆ, ತಾಯಿ ಕಾರ್ಮೆಲ್ ಮಲಗಿರುವ ಮಣ್ಣಿಗೆ.

“ಬಿಡು, ನಾನು ಕಟ್ತೇನೆ.”

ಏಳು ವರ್ಷದ ಮೇಲೆ ಕೇಳಿದ ಸ್ವರ. ಪೆಟ್ಟಿಗೆಯ ಆಚೆ ಬದಿಯಲ್ಲಿ ತಮ್ಮ ರಾಯ್ಸ್ಟನ್ ನಿಂತಿದ್ದ. ಕಿವಿಯ ಮೇಲೆ ಅವನ ಕೂದಲು ನರೆತಿತ್ತು. ಜೋಯ್ಸ್ ಕೈ ಹಿಂದಕ್ಕೆ ತೆಗೆದುಕೊಂಡಳು.

*

ತಂದೆ ರೋಕ್ ಕುವೈತಿಗೆ ಬಂದದ್ದು ಬಟ್ಟೆಯಂಗಡಿಯ ಸೇಲ್ಸ್‌ಮನ್ ಆಗಿ. ಚೌಕಾಸಿ ಮಾಡುವ ಹೆಂಗಸರಿಂದಲೇ ಅರಬ್ಬಿ ಕಲಿತರು. ಆಮೇಲೆ ಯುರೋಪಿನ ಒಂದು ಪುಟ್ಟ ದೇಶದ ರಾಯಭಾರ ಕಚೇರಿಯಲ್ಲಿ ದುಭಾಷಿಯ ಕೆಲಸ ಸಿಕ್ಕಿತು. ನಿವೃತ್ತಿಯವರೆಗೂ ಅದೇ ಕೆಲಸ. ರಾಯಭಾರಿಗಳು ಬಂದರು, ಹೋದರು. ರೋಕ್ ಮಾತ್ರ ಎರಡು ದೊಡ್ಡ ಕುರ್ಚಿಗಳ ನಡುವೆ, ಸ್ವಲ್ಪ ಹಿಂದೆ, ಬೆನ್ನಿಲ್ಲದ ಸ್ಟೂಲಿನಲ್ಲಿ ಕೂತೇ ಇದ್ದರು. ಮರುದಿನ ಪೇಪರಿನಲ್ಲಿ ಬಂದ ಫೋಟೋದಲ್ಲಿ ಅವರದೊಂದು ಭುಜವೋ ಕಿವಿಯೋ ಇರುತ್ತಿತ್ತು.

“ಇವತ್ತು ಮೂಗಿನ ತನಕ ಬಂದಿದ್ದೀರಿ, ಭಾರೀ ಆಯ್ತು” ಎಂದು ಕಾರ್ಮೆಲ್ ನಗುತ್ತಿದ್ದರು.

ಆ ಕಾರ್ಮೆಲ್ ಆಸ್ಪತ್ರೆಯಲ್ಲಿ ತೀರಿಕೊಂಡ ದಿನ ರಾಯ್ಸ್ಟನ್ ಮರುಭೂಮಿಯ ತೈಲಬಾವಿಯಲ್ಲಿ ಡ್ಯೂಟಿಯಲ್ಲಿದ್ದ. ತಾಯಿಯ ಸ್ಥಿತಿ ಬಿಗಡಾಯಿಸಿದಾಗಲೂ, ಡ್ಯೂಟಿ ಮುಗಿದ ಮೇಲೆ ಹೇಳಿದರಾಯಿತು ಎಂದು ಜೋಯ್ಸ್ ಫೋನು ಮಾಡಲಿಲ್ಲ. ಅವನು ಬರುವಷ್ಟರಲ್ಲಿ ತಾಯಿಯ ಮುಖಕ್ಕೆ ಬಟ್ಟೆ ಮುಚ್ಚಿಯಾಗಿತ್ತು.

“ನೀನು ಬೇಕೂಂತಲೇ ಕರೀಲಿಲ್ಲ” ಎಂದು ಅವನು ಎಲ್ಲರೆದುರು ಕಿರುಚಿದ. ಇವಳು “ಇನ್ನು ನನಗೆ ತಮ್ಮನೇ ಇಲ್ಲ” ಎಂದಳು. ಅವನು ಮಹಬೂಲಾದ ತನ್ನ ಫ್ಲ್ಯಾಟಿಗೆ ಹೋದ. ಇವಳು ತಂದೆಯನ್ನು ಕರೆದುಕೊಂಡು ರಿಗ್ಗೈಯ ತನ್ನ ಮನೆಗೆ ಬಂದಳು.

ಅಂದಿನಿಂದ ರೋಕ್ ಪ್ರತಿ ಶುಕ್ರವಾರ ಪೂಜೆ ಮುಗಿಸಿ ಬಸ್ಸು ಹತ್ತಿ ಮಗನ ಮನೆಗೆ ಹೋಗುತ್ತಿದ್ದರು. ಸಂಜೆ ಬಂದು ಚಪ್ಪಲಿ ಬಿಡುತ್ತಾ, “ರಾಯ್ಸ್ಟನ್ ನಿನ್ನ ಬೆನ್ನುನೋವು ಹೇಗುಂಟು ಅಂತ ಕೇಳಿದ” ಎನ್ನುತ್ತಿದ್ದರು. ಜೋಯ್ಸ್ ಟೀವಿಯ ಸದ್ದು ಜಾಸ್ತಿ ಮಾಡುತ್ತಿದ್ದಳು.

*

ಪ್ರಾರ್ಥನೆ ಮುಗಿದು ಜನ ಒಬ್ಬೊಬ್ಬರಾಗಿ ಒಳಬರತೊಡಗಿದರು. ರಾಯ್ಸ್ಟನ್ ಪೆಟ್ಟಿಗೆಯನ್ನು ಬಳಸಿ ಅಕ್ಕನ ಪಕ್ಕಕ್ಕೆ ಬಂದು ನಿಂತ.

“ಅಕ್ಕ, ಇದನ್ನು ನಾನು ಯಾವಾಗಲೋ ಹೇಳ್ಬೇಕಿತ್ತು. ಪಪ್ಪ ಬೇಡ ಅಂತಿದ್ರು. ಜೋಯ್ಸ್‌ಗೆ ಇನ್ನೂ ನಿನ್ನೊಟ್ಟಿಗೆ ಮಾತಾಡ್ಲಿಕ್ಕೆ ಆಗುದಿಲ್ಲ, ಸ್ವಲ್ಪ ಸಮಯ ಕೊಡು ಅಂತ.”

ಜೋಯ್ಸ್ ಪೆಟ್ಟಿಗೆಯ ಅಂಚಿನ ಬಟ್ಟೆ ಸರಿಮಾಡಿದಳು.

“ನಮ್ಮ ಮೊದಲ್ನೇ ಮಗು ಹೊಟ್ಟೆಯಲ್ಲೇ ಹೋಯ್ತಲ್ಲ, ಆಗ ನನಗೆ ತಲೆ ಸರಿ ಇರ್ಲಿಲ್ಲ. ಎಲ್ಲ ಪ್ರೀಮಾಳದ್ದೇ ತಪ್ಪು, ಕೆಲಸ ಬಿಡು ಅಂದ್ರೆ ಬಿಡ್ಲಿಲ್ಲ ಅಂತ ಕೂಗಾಡಿದ್ದೆ. ಅವಳು ಪೆಟ್ಟಿಗೆ ಕಟ್ಟಿ ಊರಿಗೆ ಹೊರಟಿದ್ಳು. ಆ ಶುಕ್ರವಾರ ನೀನು ಹೇಳಿ ಕಳಿಸಿದ್ಯಲ್ಲ...”

“ಎಂತ?”

“ಪ್ರೀಮಾಳ ಮೇಲೆ ತಪ್ಪು ಹಾಕ್ಬೇಡ, ಅವಳ ಹತ್ರ ಹೋಗಿ ಕೂತ್ಕೋ ಅಂತ. ನೀನು ರಾತ್ರಿಯಿಡೀ ಅತ್ತಿದ್ದೀ ಅಂತ ಪಪ್ಪ ಹೇಳಿದ್ರು.” ಅವನು ಬಾಗಿಲತ್ತ ನೋಡಿದ. “ಕೂತ್ಕೊಂಡೆ. ಅದಕ್ಕೇ ಇವತ್ತು ಅವಳು ನನ್ನೊಟ್ಟಿಗೆ ಇದ್ದಾಳೆ.”

ಬಾಗಿಲ ಬಳಿ ನಿಂತಿದ್ದ ಅವನ ಹೆಂಡತಿ ಪ್ರೀಮಾ ಇತ್ತ ನೋಡಿ, ಕಣ್ಣೊರೆಸಿಕೊಂಡು ತಲೆ ಬಾಗಿಸಿದಳು. ಜೋಯ್ಸ್‌ಗೆ ಅವಳತ್ತ ನೋಡಲಾಗಲಿಲ್ಲ.

*

ಆ ಶುಕ್ರವಾರದ ಹಿಂದಿನ ದಿನ, ಗುರುವಾರ ಬೆಳಿಗ್ಗೆ, ಅವಳು ಬ್ಯಾಂಕಿನ ಕೆಲಸಕ್ಕೆ ಹೋಗುವ ಬಟ್ಟೆಗೆ ಇಸ್ತ್ರಿ ಹಾಕುತ್ತಿದ್ದಳು. ತಂದೆ ಅಡುಗೆಮನೆಯ ಬಾಗಿಲಲ್ಲಿ ನಿಂತು ಮಗು ಹೋದ ವಿಷಯ ಹೇಳಿದ್ದರು. “ನಾಳೆ ಹೋಗ್ತೇನೆ. ಏನಾದ್ರೂ ಹೇಳ್ಬೇಕಾ?”

ಇಸ್ತ್ರಿಪೆಟ್ಟಿಗೆಯನ್ನು ಎತ್ತದೆಯೇ ಅವಳು ಹೇಳಿದ್ದಳು: “ಈಗ ಗೊತ್ತಾಗ್ಲಿ ಅವನಿಗೆ, ಕಳ್ಕೊಳ್ಳುದು ಅಂದ್ರೆ ಎಂತದು ಅಂತ.”

ತಂದೆ ಬೈಯಲಿಲ್ಲ. ಕನ್ನಡಕ ತೆಗೆದು ಅಂಗಿಯ ತುದಿಯಲ್ಲಿ ಒರೆಸಿ, ಮತ್ತೆ ಹಾಕಿಕೊಂಡು, “ಸರಿ, ಹೇಳ್ತೇನೆ” ಎಂದಷ್ಟೇ ಅಂದಿದ್ದರು. ತನ್ನ ಮಾತು ಹಾಗೆಯೇ ತಲುಪಿದೆಯೆಂದು ಅವಳು ಇಷ್ಟು ವರ್ಷ ನಂಬಿದ್ದಳು. ಮೊದಮೊದಲು ಅದರಲ್ಲೊಂದು ಸಮಾಧಾನವೂ ಇತ್ತು.

*

“ಜೋಯ್ಸ್ ಬಾಯೀ, ಸ್ವಲ್ಪ ನೀರು ಕುಡೀರಿ.” ಅಜ್ಮಲ್ ಬಾಟಲಿ ಹಿಡಿದು ನಿಂತಿದ್ದರು. ಉಪ್ಪಿನಂಗಡಿಯ ಬ್ಯಾರಿ ಮುದುಕ. ರಾಯಭಾರಿಯ ಕಾರು ಓಡಿಸಿದವರು, ರೋಕ್‌ರ ಹಳೆಯ ಸ್ನೇಹಿತರು.

“ನಿಮ್ಮ ಪಪ್ಪನ ಹಾಗೆ ಮಾತಾಡುವವರು ಇನ್ನು ಹುಟ್ಟುದಿಲ್ಲ” ಎಂದರು ಅವರು. “ಒಮ್ಮೆ ಒಬ್ಬರು ದೊಡ್ಡ ಶೇಖ್ ಅವರ ದೀವಾನಿಯಾದಲ್ಲಿ, ಅದೇ ಬಂದವರನ್ನು ಕೂರಿಸುವ ಚಾವಡಿಯಲ್ಲಿ, ನಮ್ಮನ್ನು ಸುಮಾರು ಹೊತ್ತು ಕಾಯಿಸಿದ್ರು. ನಮ್ಮ ರಾಯಭಾರಿಗೆ ಸಿಟ್ಟು ನೆತ್ತಿಗೇರಿತು. ಆ ಶೇಖ್ ಬಂದದ್ದೇ ತಡ, ರಾಯಭಾರಿ ನಿಮ್ಮ ಪಪ್ಪನ ಹತ್ರ, ‘ನಾನು ಇವರ ಮನೆಯ ಆಳಲ್ಲ ಅಂತ ಹೇಳು’ ಅಂದ್ರು. ನಾನು ಗಿಫ್ಟ್ ಹಿಡ್ಕೊಂಡು ಹಿಂದೆ ನಿಂತಿದ್ದೆ. ನಿಮ್ಮ ಪಪ್ಪ ನಕ್ಕೊಂಡು ಅರಬ್ಬಿಯಲ್ಲಿ ಎಂತ ಹೇಳಿದ್ರು ಗೊತ್ತುಂಟಾ? ‘ನಿಮ್ಮ ಬಾಗಿಲಲ್ಲಿ ಕೂತು ನಮ್ಮ ಸಾಹೇಬರಿಗೆ ತೀರಿಹೋದ ತಂದೆಯ ಮನೆ ನೆನಪಾಯ್ತು’ ಅಂತ! ಶೇಖ್ ಎದ್ದು ಬಂದು ರಾಯಭಾರಿಯನ್ನು ಅಪ್ಪಿಕೊಂಡ್ರು.”

“ರಾಯಭಾರಿಗೆ ಗೊತ್ತಾಗ್ಲಿಲ್ವಾ?”

“ಗೊತ್ತಾಗದೆ? ಕಾರಲ್ಲಿ ಕೇಳಿದ್ರು, ನಾನು ಹೇಳಿದ್ದನ್ನೇ ಹೇಳಿದ್ಯಾ ಅಂತ. ನಿಮ್ಮ ಪಪ್ಪ, ‘ಸರ್, ನಾಳೆ ಬೆಳಿಗ್ಗೆ ನೀವು ಏನು ಹೇಳ್ತಿದ್ರೋ ಅದನ್ನು ಇವತ್ತೇ ಹೇಳಿದೆ’ ಅಂದ್ರು.”

ಅಜ್ಮಲ್ ನಗುತ್ತಲೇ ಅತ್ತರು. ಜೋಯ್ಸ್ ನೀರಿನ ಬಾಟಲಿಯ ಮುಚ್ಚಳವನ್ನು ಬಿಗಿಮಾಡುತ್ತಲೇ ಇದ್ದಳು. ಗುರುವಾರದ ಅವಳ ಆ ಮಾತಿನ ಮೇಲೆ ಎಷ್ಟೋ ಬೆಳಗುಗಳು ಕಳೆದಿದ್ದವು. ಒಂದು ದಿನವೂ ಅವಳು ಬೇರೆ ಮಾತು ಹೇಳಿರಲಿಲ್ಲ. ತಮ್ಮನ ಹೆಸರಿನಲ್ಲಿ ತಂದೆ ತನಗೆ ತಂದುಕೊಟ್ಟ ಮಾತುಗಳಲ್ಲಿ ಅವನದು ಎಷ್ಟು, ತಂದೆಯದು ಎಷ್ಟು ಎಂದು ಕೇಳುವ ಧೈರ್ಯವೂ ಬರಲಿಲ್ಲ.

ಕೆಲಸದವರು ಮುಚ್ಚಳ ಎತ್ತಿಕೊಂಡು ಬಂದರು. “ಯಲ್ಲಾ, ಯಲ್ಲಾ” ಎಂದು ಒಬ್ಬ ಮೆಲ್ಲಗೆ ಅವಸರಿಸಿದ. ಜೋಯ್ಸ್ ಬಾಗಿ ತಂದೆಯ ಹಣೆಗೆ ಮುತ್ತಿಟ್ಟಳು. ರಾಯ್ಸ್ಟನ್ ಇಟ್ಟ. ಮುಚ್ಚಳ ಕೂತಿತು.

ಅಂಗಳಕ್ಕೆ ಬಂದ ಮೇಲೆ ಅವಳು ತಮ್ಮನ ತೋಳು ಹಿಡಿದಳು. “ರಾಯ್ಸ್ಟನ್, ಆ ದಿವಸ ಪಪ್ಪನ ಹತ್ರ ನಾನು ಹೇಳಿದ್ದು...”

“ಹೇಳು.”

ಪ್ರೀಮಾ ಗಂಡನ ಪಕ್ಕಕ್ಕೆ ಬಂದು, ಅವನ ಬೆನ್ನ ಮೇಲೆ ಕೈಯಿಟ್ಟು ನಿಂತಳು. ಜೋಯ್ಸ್ ಆ ಕೈಯನ್ನು ನೋಡಿದಳು.

“ಏನಿಲ್ಲ” ಎಂದಳು. “ಆಮೇಲೆ ಹೇಳ್ತೇನೆ.”

ಪ್ರೀಮಾಳ ಹಿಂದಿನಿಂದ ಪುಟ್ಟ ಹುಡುಗಿಯೊಬ್ಬಳು ಇಣುಕಿದಳು. ರಾಯ್ಸ್ಟನ್ ಮಗಳು ಅಶ್ಮಿತಾ. ಅವಳು ಹುಟ್ಟಿದಾಗಿನಿಂದ ಅವಳ ಒಂದು ಫೋಟೋವನ್ನೂ ಜೋಯ್ಸ್ ನೋಡಲೊಪ್ಪಿರಲಿಲ್ಲ.

“ಆರ್ ಯೂ ಜೋಯ್ಸ್ ಆಂಟಿ?”

“ಹೌದು ಮಗಾ.”

“ಗ್ರ್ಯಾಂಡ್‌ಪಾ ಬ್ರಾಟ್ ಮಿ ಯುವರ್ ಕಿಸ್. ಎವ್ರಿ ಫ್ರೈಡೇ.” ಹುಡುಗಿ ಕೆನ್ನೆಯ ಮೇಲೆ ಬೆರಳಿಟ್ಟು ಜಾಗ ತೋರಿಸಿದಳು. “ಹಿಯರ್.”

ಹಾಗೆಂದು ಕಣ್ಣು ಮುಚ್ಚಿ, ಮುಖ ಮೇಲೆತ್ತಿ ನಿಂತುಕೊಂಡಳು. ಜೋಯ್ಸ್ ಕಾದ ನೆಲದ ಮೇಲೆ ಮಂಡಿಯೂರಿದಳು. ತುಟಿಗೆ ಇನ್ನೂ ತಂದೆಯ ಹಣೆಯ ತಣ್ಪು ಅಂಟಿತ್ತು. ಅವಳು ಅಂಗೈಯಿಂದ ತುಟಿಯನ್ನು ಉಜ್ಜಿದಳು; ಬೆಚ್ಚಗಾಗಲಿಲ್ಲವೆನಿಸಿ ಮತ್ತೆ ಉಜ್ಜಿದಳು. ಹುಡುಗಿ ಒಂದೇ ಕಣ್ಣನ್ನು ತುಸು ತೆರೆದು ನೋಡಿ, ಮತ್ತೆ ಬಿಗಿಯಾಗಿ ಮುಚ್ಚಿಕೊಂಡಳು.