ಸ್ಟೀಲ್ ಲೋಟ

"ಸುಗತ ಭಾಯ್, ಸಿಂಕ್ ಹೋಯ್ತು. ಇನ್ನೊಂದ್ ಟೇಕ್," ಎಂದು ಡಬ್ಬಿಂಗ್ ಕೋಣೆಯ ಗಾಜಿನಾಚೆಯಿಂದ ಸೌಂಡ್ ಎಂಜಿನಿಯರ್ ಆಸಿಮ್ ಹೇಳಿದ. ಅವನ ದನಿಯಲ್ಲಿ ಬೇಸರವಿರಲಿಲ್ಲ. ಸುಗತನಿಗೆ ಬೇಸರವಾದದ್ದೇ ಅದಕ್ಕೆ. ತೆರೆಯ ಮೇಲಿನ ಪೇದೆ "ಯಾರ್ರೀ ಅದು?" ಎಂದು ಬಾಯಿ ತೆರೆಯುವಷ್ಟರಲ್ಲಿ ಸುಗತನ ಮಾತು ಮುಗಿದಿರುತ್ತಿತ್ತು; ಇಲ್ಲವೇ ಪೇದೆ ಬಾಯಿ ಮುಚ್ಚಿದ ಮೇಲೆ ಶುರುವಾಗುತ್ತಿತ್ತು.

ಅಂತೂ ಪೇದೆಯನ್ನು ದಾಟಿಸಿ ಅವನು ಹೊರಬಂದಾಗ ಪೂಜಿತಾ ಒಳಹೋದಳು. ನಲವತ್ತು ದಾಟಿದ ಹೆಂಗಸು, ಮಂಡಿನೋವು, ಕೈಯಲ್ಲಿ ಬಿಸಿನೀರಿನ ಫ್ಲಾಸ್ಕು. ಮೈಕಿನ ಮುಂದೆ ನಿಂತು ಆರು ವರ್ಷದ ಹುಡುಗನಾಗಿ ಬಿಕ್ಕಿ ಬಿಕ್ಕಿ ಅತ್ತಳು. ಒಂದೇ ಟೇಕ್.

"ಮಾಶಾಲ್ಲಾ ಅಕ್ಕಾ!" ಎಂದ ಆಸಿಮ್. ಸುಗತನಿಗೆ ಅವನು ಒಮ್ಮೆಯೂ ಹಾಗೆ ಅಂದಿದ್ದಿಲ್ಲ.

ಇವಳ ಗಂಟಲಿಗೆ ವಯಸ್ಸೇ ಆಗುವುದಿಲ್ಲವೇ ಎಂದು ಸುಗತನ ಹೊಟ್ಟೆ ಉರಿಯಿತು. ಏಳರ ವಯಸ್ಸಿನಲ್ಲಿ ಅವನು ಒಂದು ಸಿನಿಮಾದಲ್ಲಿ ಮುನಿಸಿಕೊಂಡ ಅಪ್ಪನ ಪಂಚೆ ಜಗ್ಗಿ, "ಅಪ್ಪಾ, ದೊಡ್ಡೋನಾದ್ಮೇಲೆ ಬೈತೀನಿ, ಈಗ ಎತ್ಕೋ" ಎಂದಿದ್ದ. ಆ ಮಾತು ಮದುವೆಮನೆಗಳಿಗೆ ಹೋಯಿತು, ಆಟೋಗಳ ಬೆನ್ನೇರಿತು. ಆದರೆ ಅಂದದ್ದು ಅವನ ತುಟಿ ಮಾತ್ರ. ಪುಟ್ಟ ಹುಡುಗರ ಪಾತ್ರಕ್ಕೆ ಹೆಣ್ಣುಮಕ್ಕಳ ಕಂಠ ಕೂಡಿಸುವುದು ಚಿತ್ರರಂಗದ ರೂಢಿ. "ಹುಡುಗನ ಮುಖ ಬೆಣ್ಣೆ, ದನಿ ಬಾಣಲೆ" ಎಂದು ನಿರ್ದೇಶಕರು ಆಗ ಶಾಲೆಗೆ ಹೋಗುತ್ತಿದ್ದ ಪೂಜಿತಾಳನ್ನು ಕರೆಸಿದ್ದರು. ಮೀಸೆ ಮೂಡಿದ್ದೇ ಅವನ ಮುಖಕ್ಕೆ ಕೆಲಸ ತಪ್ಪಿತು. ಅವಳ ಕಂಠಕ್ಕೆ ಇಂದಿಗೂ ತಪ್ಪಿಲ್ಲ. ಕಂಠ ಕೊಟ್ಟವರು ಅದನ್ನು ಹೊರಗೆ ಆಡಬಾರದೆಂಬುದೂ ರೂಢಿಯೇ. ಪೂಜಿತಾ ಎಲ್ಲೂ ಆಡಿರಲಿಲ್ಲ. ಅವಳ ಈ ಒಳ್ಳೆಯತನವನ್ನಂತೂ ಅವನಿಗೆ ಕ್ಷಮಿಸಲಾಗುತ್ತಿರಲಿಲ್ಲ.

ಸ್ಟುಡಿಯೊದ ಕೆಳಗೆ, ಹಲಸೂರು ಮಾರ್ಕೆಟ್ಟಿನ ಹಿಂದೆ ಮುನಿರಾಜಪ್ಪನ ಟೀ ಅಂಗಡಿ. ಊರಿನವರಿಗೆಲ್ಲ ಕಾಗದದ ಕಪ್ಪು, ಸುಗತನೊಬ್ಬನಿಗೆ ಮರ್ಯಾದೆಯ ಸ್ಟೀಲ್ ಲೋಟ. ಅವನು ಇನ್ನೂ ನಟನಾಗಿ ಉಳಿದಿದ್ದ ಜಾಗ ಅದೊಂದೇ. ಅಂದು ಪೂಜಿತಾಗೂ ಟೀ ಬೇಕಾಯಿತು; ಅವನ ಜೊತೆಗೇ ಇಳಿದುಬಂದಳು.

"ಬನ್ನಿ ಹೀರೋ!" ಎಂದ ಮುನಿರಾಜಪ್ಪ. ಬೆಂಚಿನ ಮೇಲೆ ಮುದುಕಿಯೊಬ್ಬಳು ಕೂತಿದ್ದಳು. "ನಮ್ಮವ್ವ ಚಿಕ್ಕಮುನಿಯಮ್ಮ, ಕೆ.ಆರ್. ಪುರದಿಂದ ಬಂದವ್ಳೆ. ಕಣ್ಣಿಗೆ ಪೊರೆ, ಮೊಖ ಕಾಣಾಕಿಲ್ಲ. ನಿಮ್ ಪಿಚ್ಚರ್ ಅಂದ್ರೆ ಪ್ರಾಣ. ಆ ಡೈಲಾಗ್ ಒಂದ್ಸಲ ಹೇಳ್ಬುಡಿ ಸಾರ್."

ಬೇರೆ ದಿನಗಳಲ್ಲಿ ಅವನು ತನ್ನ ಗೊಗ್ಗರು ದನಿಯಲ್ಲೇ ಹೇಳಿಬಿಡುತ್ತಿದ್ದ. ಜನ ಕೆನ್ನೆಯ ಗುಳಿ ನೋಡಿ, ಉಳಿದದ್ದನ್ನು ತಾವೇ ತುಂಬಿಕೊಂಡು ನಗುತ್ತಿದ್ದರು. ಈ ಮುದುಕಿಗೆ ಗುಳಿ ಕಾಣದು. ಆದರೂ ಹೇಳಿದ.

"ಯಾವೋನ್ಲಾ ಇವ್ನು, ಪೋಲೀಸ್ನೋನಂಗೆ ಗದರ್ತಾನೆ?" ಎಂದಳು ಚಿಕ್ಕಮುನಿಯಮ್ಮ. "ಆ ಮಗೀನ ಕರೀಲಾ, ಮುನಿರಾಜ."

"ಮೇಲೆ ಮೈಕಲ್ಲಿ ಬರ್ದೇ ಇದ್ದ ಪೇದೆ ಇಲ್ಲಿ ಬಂದ ನೋಡು," ಎಂದು ಪೂಜಿತಾ ಅವನಿಗಷ್ಟೇ ಕೇಳುವಂತೆ ಅಂದಳು. ಆಮೇಲೆ ಕಪ್ಪಿಗೆ ಊದುತ್ತ ರಸ್ತೆಯ ಕಡೆ ತಿರುಗಿಬಿಟ್ಟಳು.

"ವಯಸ್ಸಾಯ್ತು ಸಾರ್, ತೆಪ್ಪು ತಿಳ್ಕೋಬೇಡಿ," ಎಂದ ಮುನಿರಾಜಪ್ಪ.

ಅಲ್ಲಿಗೇ ಮುಗಿಸಬಹುದಿತ್ತು. ಮುದುಕಿಗೆ ಅರಳುಮರಳು ಎಂದು ನಕ್ಕು ಟೀ ಕುಡಿದರೆ ಲೋಟ ಅವನದ್ದೇ. ಆದರೆ ಚಿಕ್ಕಮುನಿಯಮ್ಮ ಒಂದು ಕೈಯನ್ನು ಮಗುವಿನೆತ್ತರಕ್ಕೆ ಚಾಚಿ, ಕಿವಿಯನ್ನು ಓರೆಮಾಡಿ ಕಾಯುತ್ತಲೇ ಇದ್ದಳು. ಸುಗತ ಅವಳ ಮುಂದೆ ಕುಕ್ಕರಗಾಲಿನಲ್ಲಿ ಕೂತ. ಆ ಕೈಯನ್ನು ತನ್ನ ಕೆನ್ನೆಗಿಟ್ಟುಕೊಂಡ. ಇನ್ನೊಂದು ಕೈಯಿಂದ, ಸ್ಟುಡಿಯೊದಲ್ಲಿ ಮಾತು ಶುರುಮಾಡೆಂದು ಸನ್ನೆ ಕೊಡುವಾಗ ಮಾಡುವಂತೆ, ಪೂಜಿತಾಳ ಮೊಣಕೈ ತಟ್ಟಿದ.

"ಬೇಡ ಕಣೋ."

"ಹೇಳಕ್ಕಾ."

ಅವಳು ಕಪ್ಪು ಕೆಳಗಿಟ್ಟು ಹೇಳಿದಳು. "ಅಪ್ಪಾ, ದೊಡ್ಡೋನಾದ್ಮೇಲೆ ಬೈತೀನಿ, ಈಗ ಎತ್ಕೋ." ಮುದುಕಿಯ ಬೆರಳುಗಳ ಕೆಳಗೆ ಸುಗತನ ತುಟಿಗಳು ತಾವಾಗಿ ಆಡಿದವು. ಒಂದಕ್ಷರವೂ ಹಿಂದುಮುಂದಾಗಲಿಲ್ಲ.

"ಬಂದ್ಯಾ ನನ್ ಕಂದಾ," ಎಂದು ಚಿಕ್ಕಮುನಿಯಮ್ಮ ಅವನ ಮುಖವನ್ನು ಎರಡೂ ಕೈಯಲ್ಲಿ ಹಿಡಿದುಕೊಂಡಳು.

ಹೊಗೆಯಾಡುವ ಸ್ಟೀಲ್ ಲೋಟ ಹಿಡಿದ ಮುನಿರಾಜಪ್ಪ ಸುಗತ, ಪೂಜಿತಾ ಇಬ್ಬರ ನಡುವೆ ನಿಂತಿದ್ದ. ಲೋಟ ಯಾರಿಗೆ ಎಂಬಂತೆ ಒಮ್ಮೆ ಇತ್ತ ನೋಡಿದ, ಒಮ್ಮೆ ಅತ್ತ. ಮುದುಕಿಯ ಬೆರಳುಗಳ ಸಂದಿಯಿಂದ ಸುಗತ ಆ ಲೋಟವನ್ನೇ ನೋಡುತ್ತಿದ್ದ.